ದರ್ಜಿಯ ಮಾತಿಗೆ ನನ್ನ ಕನ್ನಡ

ಶಿಕಾರಿಪುರಕ್ಕೆ ಬಂದ ಮೊದಲ ದಿನ ಅಂಗಡಿಗೆ ಹೋಗಿ, "ಅಣ್ಣಾ, ವೆಂಗಾಯ ಕೊಡಿ" ಎಂದೆ. ಅಂಗಡಿಯವರು ಒಳಗೆ ಹೋಗಿ ಎರಡು ತೆಂಗಿನಕಾಯಿ ತಂದು ಮುಂದೆ ಇಟ್ಟರು. ಅಲ್ಲವೆಂದು ತಲೆಯಾಡಿಸಿದೆ. ಅವರು ಒಂದನ್ನು ಕಿವಿಯ ಹತ್ತಿರ ಕುಲುಕಿ, "ಕಾಯಿ ಚಲೋ ಐತ್ರೀ, ನೀರು ತುಂಬೇತಿ" ಎಂದರು. ಕೊನೆಗೆ ಮೂಲೆಯಲ್ಲಿದ್ದ ಬುಟ್ಟಿಗೆ ಬೆರಳು ಮಾಡಿ ತೋರಿಸಿದೆ. "ಉಳ್ಳಾಗಡ್ಡಿ ಅನ್ರಿ ಮತ್ತ" ಎನ್ನುತ್ತ ಅವರು ತೂಗಿ ಕೊಟ್ಟರು. ಪಕ್ಕದಲ್ಲಿ ನಿಂತಿದ್ದವರೊಬ್ಬರು, "ಎಲ್ಲಿಯವರು?" ಎಂದು ಕೇಳಿದ್ದಕ್ಕೆ, ಅಂಗಡಿಯವರು ನನಗೆ ಕೇಳಿಸುವಂತೆಯೇ ಉತ್ತರ ಕೊಟ್ಟರು: "ಮದ್ರಾಸ್ ಕಡೆಯೋರು. ಕನ್ನಡ ಬರಂಗಿಲ್ಲ."

ಈರುಳ್ಳಿಯನ್ನು ಸೆರಗಿನಲ್ಲಿ ಕಟ್ಟಿಕೊಂಡು ಮನೆಗೆ ಬರುವಾಗ ನನಗೆ ಅಳು ಬಂದಿತ್ತು. ಹುಟ್ಟಿದಾಗಿನಿಂದ ನಾನು ಆಡಿದ್ದು ಕನ್ನಡವೇ. ಸೇಲಂನ ನಮ್ಮ ನೇಕಾರರ ಬೀದಿಯಲ್ಲಿ ಅವ್ವ ಬೈದದ್ದು ಕನ್ನಡದಲ್ಲಿ, ಅಜ್ಜಿ ಹಾಡಿದ್ದು ಕನ್ನಡದಲ್ಲಿ. ಬೀದಿ ದಾಟಿದರೆ ತಮಿಳು. ಶಾಲೆಯಲ್ಲಿ ತಮಿಳು ಹುಡುಗಿಯರು ನಮ್ಮನ್ನು ಕನ್ನಡದವರು ಎಂದು ಬೇರೆ ಮಾಡುತ್ತಿದ್ದರು, ನಾವೂ ಅದನ್ನು ಹೆಮ್ಮೆಯಿಂದಲೇ ಒಪ್ಪಿಕೊಂಡಿದ್ದೆವು. ಭಾಷೆಯಂತೆ ರಾಜ್ಯಗಳನ್ನು ಹಂಚಿ ಇನ್ನೂ ಒಂದು ವರ್ಷ ಆಗಿತ್ತಷ್ಟೆ. ಮದುವೆಯಾಗಿ ಮೈಸೂರು ರಾಜ್ಯಕ್ಕೆ ಹೊರಟಾಗ ಅಪ್ಪ, "ನಾವೆಲ್ಲ ಪರದೇಶದಲ್ಲಿ ಉಳಿದೆವು, ನೀನೊಬ್ಬಳು ಮನೆಗೆ ಹೋಗುತ್ತಿದ್ದೀಯೆ" ಎಂದಿದ್ದರು. ಆ ಮನೆಯ ಬಾಗಿಲಲ್ಲೇ ನನಗೆ ಕನ್ನಡ ಬರುವುದಿಲ್ಲ ಎಂದು ಗೊತ್ತಾಯಿತು. ವೆಂಗಾಯ ತಮಿಳಿನ ಮಾತು ಎಂಬುದೇ ಹತ್ತೊಂಬತ್ತು ವರ್ಷ ನನಗೆ ತಿಳಿದಿರಲಿಲ್ಲ.

ಸೇಲಂನ ನಮ್ಮ ಬೀದಿಯವರಿಗಾಗಿ ಇದನ್ನು ಬರೆಯುತ್ತಿದ್ದೇನೆ. ಅವರಲ್ಲಿ ಕನ್ನಡ ಅಕ್ಷರ ಬಲ್ಲವರು ನಾಲ್ಕೈದು ಜನ ಇದ್ದರೆ ಹೆಚ್ಚು. ಬಲ್ಲವರು ಉಳಿದವರಿಗೆ ಓದಿ ಹೇಳಲಿ.

ನಮ್ಮ ಮನೆಯವರು ಸಿನಿಮಾ ಯಂತ್ರ ನಡೆಸುವುದನ್ನು ಸೇಲಂನಲ್ಲಿ ಕಲಿತವರು. ಶಿಕಾರಿಪುರದ ಕಾಳಿನ ವ್ಯಾಪಾರಿ ರುದ್ರಪ್ಪನವರು ಊರ ಹೊರಗಿನ ಬಯಲಿನಲ್ಲಿ ಟೆಂಟ್ ಸಿನಿಮಾ ಹಾಕಿದ್ದರು. ಅವರಿಗೆ ಯಂತ್ರ ಬಲ್ಲವರು ಬೇಕಾಗಿತ್ತು. ಹಾಗೆ ನಾವು ಬಂದೆವು. ಬಾಡಿಗೆಗೆ ಸಿಕ್ಕಿದ್ದು ನೀಲಮ್ಮನವರ ಮನೆಯ ಮುಂಭಾಗ. ಒಂದು ಕೋಣೆ, ಒಂದು ಜಗಲಿ, ಹಿತ್ತಲಿನಲ್ಲಿ ಇಬ್ಬರಿಗೂ ಒಂದೇ ಬಾವಿ. ನೀಲಮ್ಮನವರಿಗೆ ಐವತ್ತರ ಹತ್ತಿರ ವಯಸ್ಸು. ಗಂಡ ತೀರಿಕೊಂಡು ಮೂರು ವರ್ಷವಾಗಿತ್ತು. ಹಣೆಯ ಮೇಲೆ ವಿಭೂತಿ, ಕೊರಳಲ್ಲಿ ಲಿಂಗ, ನಾಲಿಗೆಯಲ್ಲಿ ಯಾರಿಗೂ ಅಂಜದ ಮಾತು. ಮಾತಿಗೆ ಅಂಜದವರು ಕಾಗದಕ್ಕೆ ಅಂಜುತ್ತಿದ್ದರು, ಅದು ನನಗೆ ಆಮೇಲೆ ತಿಳಿಯಿತು.

ಮೊದಲ ತಿಂಗಳು ನನ್ನನ್ನು ಹೆಚ್ಚಾಗಿ ಕಾಡಿದ್ದು ಸದ್ದಿಲ್ಲದ ಹಗಲು. ಸೇಲಂನಲ್ಲಿ ಮುಂಜಾನೆಯಿಂದ ಬೀದಿಯುದ್ದಕ್ಕೂ ಮಗ್ಗ ಬಡಿಯುತ್ತಿತ್ತು. ಆ ಸದ್ದು ನಿಂತರೆ ಯಾರೋ ಸತ್ತಿದ್ದಾರೆ ಎಂದು ಅರ್ಥ. ಇಲ್ಲಿ ಮಧ್ಯಾಹ್ನ ಎಷ್ಟು ಮೌನವೆಂದರೆ, ನನಗೆ ಯಾರೋ ಸತ್ತ ಹಾಗೆ ಎದೆ ಹೊಡೆದುಕೊಳ್ಳುತ್ತಿತ್ತು. ಸಂಜೆ ಟೆಂಟಿನ ಎಣ್ಣೆ ಎಂಜಿನ್ನು ಗುಡುಗುಡು ಎಂದು ಶುರುವಾದಾಗ ಜೀವ ಬರುತ್ತಿತ್ತು. ಊರಿನವರು ಅದನ್ನು ಬೈಯುತ್ತಿದ್ದರು. ನಾನು ಜಗಲಿಯಲ್ಲಿ ಕೂತು ಅದನ್ನೇ ಕೇಳುತ್ತಿದ್ದೆ.

ನೀಲಮ್ಮನವರು ನನಗೆ ಮೊದಲು ಕಲಿಸಿದ್ದು ರೊಟ್ಟಿ. ಜೋಳದ ಹಿಟ್ಟನ್ನು ಬಿಸಿನೀರಿನಲ್ಲಿ ನಾದಿ, ಅಂಗೈಯಲ್ಲಿ ತಟ್ಟುತ್ತ ತಿರುಗಿಸುವುದು. ನಮ್ಮಲ್ಲಿ ರಾಗಿ ಕಳಿ, ಕಂಬು ಎನ್ನುವ ಸಜ್ಜೆಯ ಕೂಳು, ಹಬ್ಬಕ್ಕೆ ಇಡ್ಲಿ. ಕೈಯಲ್ಲಿ ಬಡಿದು ಮಾಡುವ ಅಡುಗೆಯನ್ನೇ ನಾನು ಕಂಡಿರಲಿಲ್ಲ. ನನ್ನ ಮೊದಲ ರೊಟ್ಟಿಯನ್ನು ನೋಡಿ ಅವರು, "ಇದು ಯಾವ ದೇಶದ ನಕಾಶೆ?" ಎಂದರು. ಹದಿನೈದು ದಿನಕ್ಕೆ ನಕಾಶೆ ದುಂಡಗಾಯಿತು. ಗುರೆಳ್ಳು ಚಟ್ನಿ ಹಾಕಿಕೊಂಡು ನನ್ನ ಕೈ ರೊಟ್ಟಿಯನ್ನು ಅವರು ತಿಂದ ದಿನ ನಾನು ಅಪ್ಪನಿಗೆ ಕಾಗದ ಬರೆದೆ. ತಮಿಳಿನಲ್ಲಿ ಬರೆದೆ, ನನಗೆ ಬರುತ್ತಿದ್ದ ಅಕ್ಷರ ಅದೊಂದೇ.

ಎರಡನೆಯದು "ರೀ". ತಮಿಳಿನಲ್ಲಿ ಮರ್ಯಾದೆಯ ಮಾತಿಗೆ ಕೊನೆಯಲ್ಲಿ "ಂಗ" ಸೇರಿಸುತ್ತೇವೆ, ವಾಂಗ ಎಂದರೆ ಬನ್ನಿ. ಆ ಕೆಲಸವನ್ನು ಇಲ್ಲಿ ರೀ ಮಾಡುತ್ತದೆ. ಬರ್ರೀ, ಕೂಡ್ರೀ, ಹೌದ್ರೀ. ಕಲಿತ ಹೊಸತರಲ್ಲಿ ನಾನು ಅದನ್ನು ನೀಲಮ್ಮನವರ ಹಸುವಿಗೂ ಸೇರಿಸಿದೆ. ಅವರು ಬಾವಿಯ ಕಟ್ಟೆಯ ಮೇಲೆ ಕೂತು ಕಣ್ಣಲ್ಲಿ ನೀರು ಬರುವವರೆಗೆ ನಕ್ಕರು. ಆ ಊರಿನಲ್ಲಿ ಯಾರಾದರೂ ನನ್ನ ಮಾತಿಗೆ ನಕ್ಕಾಗ ನಾನೂ ಜೊತೆಗೆ ನಕ್ಕದ್ದು ಅದೇ ಮೊದಲು.

ಅಕ್ಷರವನ್ನು ನನಗೆ ಯಾರೂ ಕಲಿಸಲಿಲ್ಲ. ಟೆಂಟಿನ ಪ್ರಚಾರದ ಕಾಗದಗಳು ಮನೆಗೆ ಕಟ್ಟುಕಟ್ಟಾಗಿ ಬರುತ್ತಿದ್ದವು. ಅದರಲ್ಲಿ ಏನು ಅಚ್ಚಾಗಿದೆ ಎಂದು ನಮ್ಮ ಮನೆಯವರು ಬಾಯಲ್ಲಿ ಹೇಳುತ್ತಿದ್ದರು, ನಾನು ಒಂದೊಂದೇ ಅಕ್ಷರವನ್ನು ಮಾತಿಗೆ ಹೊಂದಿಸಿಕೊಂಡೆ. ಹಾಗಾಗಿ ನಾನು ಮೊದಲು ಓದಿದ ಕನ್ನಡ "ಇಂದೇ ನೋಡಿರಿ".

ಟೆಂಟಿಗೆ ಕನ್ನಡ ಸಿನಿಮಾ ಸಿಗುತ್ತಿದ್ದದ್ದು ಅಪರೂಪಕ್ಕೆ. ಬೆಂಗಳೂರಿನಿಂದ ಬರುವ ಡಬ್ಬಿಗಳಲ್ಲಿ ಹೆಚ್ಚಿನವು ತಮಿಳು. ಜನ ಹಾಡಿಗೆ, ಕತ್ತಿವರಸೆಗೆ ಬರುತ್ತಿದ್ದರು. ಮಾತು ಬಂದಾಗ ಮರಳಿನ ನೆಲದಲ್ಲಿ ಕೂತವರಿಂದ, "ಏನಂದ? ಏನಂದ?" ಎಂಬ ಗುಜುಗುಜು. ಹೆಂಗಸರು ಕೂರುವ ಜಾಗಕ್ಕೆ ನಡುವೆ ಒಂದು ಬಟ್ಟೆ ಕಟ್ಟಿರುತ್ತಿತ್ತು. ಅಲ್ಲಿ ನೀಲಮ್ಮನವರು ನನ್ನ ಮೊಣಕೈ ತಿವಿದು ಕೇಳುವರು, ನಾನು ಹೇಳುವೆ. ಹಿಂದಿನ ಸಾಲಿನವರು ಮುಂದೆ ಸರಿಯುವರು. ಒಂದು ದಿನ ಬಟ್ಟೆಯ ಆಚೆಯಿಂದ ಗಂಡಸೊಬ್ಬರು, "ಅಕ್ಕಾರೇ, ನಮಗೂ ಕೇಳಂಗ ಹೇಳ್ರಿ" ಎಂದು ಕೂಗಿದರು. ಮಾರನೆಯ ದಿನವೇ ರುದ್ರಪ್ಪನವರು ಪ್ರಚಾರಕ್ಕೆ ಬಳಸುವ ಮೈಕನ್ನು ನನ್ನ ಕೈಗೆ ಕೊಟ್ಟು, "ತಂಗಿ, ಹೇಳು ಇನ್ನು" ಎಂದರು.

ಕನ್ನಡ ಬರಂಗಿಲ್ಲ ಎನಿಸಿಕೊಂಡವಳು ಹೀಗೆ ಊರಿಗೆಲ್ಲ ಕನ್ನಡ ಹೇಳುವವಳಾದೆ. ಬಟ್ಟೆಯ ಮರೆಯಲ್ಲಿ ಕೂತು, ಪರದೆಯವರ ತುಟಿ ನಿಂತ ಕೂಡಲೆ ಎರಡು ಮಾತಿನಲ್ಲಿ ಹೇಳಿ ಮುಗಿಸಬೇಕು. ತಪ್ಪಿದರೆ ಜನ ತಿದ್ದುತ್ತಿದ್ದರು. ತಮಿಳಿನಲ್ಲಿ ಉತ್ತರಕ್ಕೆ "ಬದಿಲ್" ಎನ್ನುತ್ತಾರೆ. ನಾನು ಅದನ್ನೇ ಸ್ವಲ್ಪ ತಿರುಗಿಸಿ "ಬದಲು ಕೊಡು" ಎಂದೆ. ಕತ್ತಿ ಹಿಡಿದ ರಾಜ ಶತ್ರುವಿನ ಹತ್ತಿರ ಬೇರೆ ಕತ್ತಿ ಕೇಳುತ್ತಿದ್ದಾನೆ ಎಂದು ಜನ ತಿಳಿದರು. ನೀಲಮ್ಮನವರು ಪಿಸುಗುಟ್ಟಿದರು: "ಜವಾಬು ಅನ್ನು. ಜವಾಬು." ಕಚೇರಿಯವರೂ ಒಕ್ಕಲಿನವರೂ ಆಡುವ ಆ ಮಾತು ನನಗೆ ಬಂದದ್ದು ಹಾಗೆ.

ಒಂದು ಸುಗ್ಗಿ ಮುಗಿದ ಮೇಲೆ ಆ ಸಿನಿಮಾ ಬಂತು. ಅದರ ನಿಜವಾದ ಹೆಸರನ್ನು ಶಿಕಾರಿಪುರದಲ್ಲಿ ಯಾರೂ ಹೇಳಲಿಲ್ಲ, ಎಲ್ಲರಿಗೂ ಅದು ದರ್ಜಿ ಸಿನಿಮಾ. ಅದರಲ್ಲಿ ರಾಜನಿಲ್ಲ, ಕತ್ತಿಯಿಲ್ಲ. ಒಂದು ಸಣ್ಣ ಊರಿನ ದರ್ಜಿ. ಅವನ ಬೀದಿಗೆ ಬರುತ್ತಿದ್ದ ನಲ್ಲಿಯ ನೀರನ್ನು ಪುರಸಭೆಯ ಅಧ್ಯಕ್ಷ ತನ್ನ ಹೊಸ ಬಂಗಲೆಯ ತೋಟಕ್ಕೆ ತಿರುಗಿಸಿಕೊಂಡಿದ್ದಾನೆ. ದರ್ಜಿ ಅರ್ಜಿ ಕೊಡುತ್ತಾನೆ, ಅರ್ಜಿ ಕಳೆದುಹೋಗುತ್ತದೆ. ಮತ್ತೆ ಕೊಡುತ್ತಾನೆ, ಮತ್ತೆ ಕಳೆಯುತ್ತದೆ. "ಅಧ್ಯಕ್ಷರು ದಯಾವಂತರು, ಅವರ ಸನ್ಮಾನದ ದಿನ ಕಾಲಿಗೆ ಬಿದ್ದು ಕೇಳು" ಎಂದು ಎಲ್ಲರೂ ಬುದ್ಧಿ ಹೇಳುತ್ತಾರೆ. ಆ ಸನ್ಮಾನಕ್ಕೆ ಅಧ್ಯಕ್ಷ ತೊಡುವ ಕೋಟನ್ನು ಹೊಲಿಯುತ್ತಿರುವವನೂ ಈ ದರ್ಜಿಯೇ. ಆ ದಿನ ಅವನು ಹೊಲಿದು ಮುಗಿಸಿದ ಕೋಟನ್ನು ಕೈಯಲ್ಲಿ ಹಿಡಿದು ತುಂಬಿದ ಸಭೆಯಲ್ಲಿ ಎದ್ದು ನಿಲ್ಲುತ್ತಾನೆ. ಅಧ್ಯಕ್ಷ ಬನಿಯನ್ನಿನಲ್ಲಿ ಕಾಯುತ್ತಿದ್ದಾನೆ. "ದಯವು ಕೇಕ್ಕಲೆ. ಬದಿಲ್ ಕೇಕ್ಕಿರೇನ್" ಎನ್ನುತ್ತಾನೆ ದರ್ಜಿ.

ಮೊದಲನೆಯ ದಿನ ನಾನು ಹೀಗೆ ಹೇಳಿದೆ: "ನಾ ದಯ ಕೇಳಾಕ ಬಂದಿಲ್ಲ. ಜವಾಬು ಕೇಳಾಕ ಬಂದೀನಿ."

ಟೆಂಟಿನಲ್ಲಿ ಎಂಜಿನ್ನಿನ ಸದ್ದು ಬಿಟ್ಟರೆ ಮತ್ತೇನೂ ಇರಲಿಲ್ಲ. ಅಷ್ಟು ಜನರನ್ನು ಸುಮ್ಮನಾಗಿಸಿದ್ದು ದರ್ಜಿಯೇ ಇರಬಹುದು, ಆದರೆ ಅವನ ಮಾತು ಅವರಿಗೆ ಮುಟ್ಟಿದ್ದು ನನ್ನ ಬಾಯಿಂದ. ಆ ಹೆಮ್ಮೆಯನ್ನು ನಾನು ಮುಚ್ಚಿಟ್ಟುಕೊಳ್ಳುವುದಿಲ್ಲ.

ನೀಲಮ್ಮನವರು ಆ ಸಿನಿಮಾವನ್ನು ಮೂರು ದಿನ ಬಿಡದೆ ನೋಡಿದರು. ನಾಲ್ಕನೆಯ ದಿನ ಬೆಳಿಗ್ಗೆ ಬಾವಿಯ ಹತ್ತಿರ, ಹಗ್ಗ ಕೈಯಲ್ಲಿರುವಾಗಲೇ ನನ್ನನ್ನು ಕೇಳಿದರು.

"ಅವನ ಅರ್ಜಿ ಎಷ್ಟು ಸಲ ಕಳೀತು?"

"ಎರಡು ಸಲ."

"ನಂದು ಮೂರು ಸಲ" ಎಂದರು.

ಅವರ ಕಥೆ ನನಗೆ ಪೂರ್ತಿ ಗೊತ್ತಾದದ್ದು ಆಗಲೇ. ತಾಳಗುಂದದ ದಾರಿಯಲ್ಲಿರುವ ಒಂದು ಹಳ್ಳಿ ಅವರ ಗಂಡನ ಊರು. ಆ ಹಳ್ಳಿಯ ಹೆಸರು ಇಲ್ಲಿ ಬೇಡ. ಕೆರೆಯ ಕೆಳಗೆ ಗಂಡನ ಹೆಸರಿನಲ್ಲಿ ಒಂದು ಗದ್ದೆ. ಗಂಡ ಸತ್ತ ಮೇಲೆ ಖಾತೆ, ಎಂದರೆ ಸರ್ಕಾರದ ಪುಸ್ತಕದಲ್ಲಿ ಜಮೀನು ಯಾರದೆಂದು ಬರೆಯುವುದು, ಇವರ ಹೆಸರಿಗೆ ಬರಬೇಕಿತ್ತು. ಬರಲಿಲ್ಲ. ಗದ್ದೆಯನ್ನು ಉಳುತ್ತಿದ್ದವರು ಊರಿನ ಗೌಡರು, ಗಂಡನಿಗೆ ದಾಯಾದಿ. ಪುಸ್ತಕ ಇದ್ದದ್ದು ಶಾನುಭೋಗರ ಹತ್ತಿರ. ಅವರಿಬ್ಬರೂ ಒಂದೇ ಎಲೆಯಲ್ಲಿ ಅಡಿಕೆ ಹಾಕಿಕೊಳ್ಳುವವರು. ಪ್ರತಿ ಸಲ ಹೋದಾಗಲೂ "ಕಾಗದ ಮೇಲಕ್ಕೆ ಹೋಗೇತಿ" ಎಂಬ ಒಂದೇ ಮಾತು. ಅಷ್ಟೇ ಅಲ್ಲ, ನಮ್ಮ ಟೆಂಟು ನಿಂತಿದ್ದ ಬಯಲೂ ಅದೇ ಗೌಡರದು.

"ನನ್ನ ಜೊತಿ ಬಾ" ಎಂದರು ನೀಲಮ್ಮನವರು. "ನೀ ಏನೂ ಮಾತಾಡಬ್ಯಾಡ. ಸುಮ್ನ ನಿಂದ್ರು. ನಾ ಮಾತು ಮರತರೆ ನೆನಪು ಮಾಡು."

ಎತ್ತಿನ ಗಾಡಿಯಲ್ಲಿ ಹೋದೆವು. ಶಾನುಭೋಗರು ಮನೆಯ ಜಗಲಿಯಲ್ಲಿ ಕಂಬಕ್ಕೆ ಒರಗಿ ಕೂತಿದ್ದರು. ಪಕ್ಕದಲ್ಲಿ ಕೆಂಪು ಬಟ್ಟೆ ಸುತ್ತಿದ ಪುಸ್ತಕಗಳು. ಬೀದಿಯಲ್ಲಿ ಐದಾರು ಜನ ರೈತರು ತಮ್ಮ ತಮ್ಮ ಕೆಲಸಕ್ಕೆ ಕಾಯುತ್ತಿದ್ದರು.

"ಏನು ನೀಲಮ್ಮ, ಮತ್ತ ಬಂದಿ? ಹೇಳೀನಲ್ಲ, ಕಾಗದ ಮೇಲಕ್ಕೆ ಹೋಗೇತಿ."

"ಮೂರು ವರ್ಷ ಮೇಲಕ್ಕೆ ಹೋಗೋ ಕಾಗದ ಯಾವ ಆಕಾಶ ಮುಟ್ಟಿತ್ರೀ?" ಎಂದರು ನೀಲಮ್ಮನವರು.

ಯಾರೋ ನಕ್ಕರು. ಶಾನುಭೋಗರು ಅವರತ್ತ ನೋಡಿ, ನನ್ನತ್ತ ತಿರುಗಿದರು. "ಈಕಿ ಯಾರು?"

"ನಮ್ಮನಿ ಮಗಳು."

"ತಮಿಳರಾಕಿ ಅಲ್ಲೇನು? ಟೆಂಟಿನಾಗ ಒದರಾಕಿ?"

ಮಾತಾಡಬೇಡ ಎಂದು ನೀಲಮ್ಮನವರು ಹೇಳಿದ್ದರು. ಆದರೆ ನನ್ನನ್ನೇ ಕೇಳಿದಾಗ ಸುಮ್ಮನಿರುವುದು ಹೇಗೆ? "ಹೌದ್ರೀ. ಒದರಾಕಿ ನಾನ" ಎಂದೆ. ನನ್ನ ಬಾಯಿಗೆ ಆ ಊರಿನ ಮಾತು ಅಷ್ಟು ಸರಾಗವಾಗಿ ಅದುವರೆಗೆ ಬಂದಿರಲಿಲ್ಲ.

ಶಾನುಭೋಗರು ದನಿ ಮೆತ್ತಗೆ ಮಾಡಿಕೊಂಡರು. "ನೋಡು ನೀಲಮ್ಮ, ಗೌಡ್ರು ದೊಡ್ಡ ಮನಸಿನೋರು. ಮಕ್ಕಳಿಲ್ಲದಾಕಿ ಅಂತ ವರ್ಷಕ್ಕ ಇಷ್ಟು ಭತ್ತ ಕಳಸ್ತಾರ. ಹೋಗಿ ಅವರ ಹತ್ರ ಕೇಳು. ದಯ ತೋರಿಸ್ತಾರ."

ನೀಲಮ್ಮನವರು ನನ್ನ ಮುಖ ನೋಡಿದರು. ಮಾತು ಮರೆತಿರಬೇಕು ಎಂದುಕೊಂಡು ನಾನು ಬಾಯಿ ತೆರೆಯುವಷ್ಟರಲ್ಲಿ ಅವರೇ ಹೇಳಿದರು. "ನಾ ದಯ ಕೇಳಾಕ ಬಂದಿಲ್ರೀ. ಜವಾಬು ಕೇಳಾಕ ಬಂದೀನಿ." ಆಮೇಲೆ ಸಿನಿಮಾದಲ್ಲಿ ಇಲ್ಲದ ಮಾತೊಂದನ್ನು ಅವರೇ ಸೇರಿಸಿದರು: "ಖಾತಿ ಮಾಡಂಗಿಲ್ಲ ಅಂದ್ರ ಮಾಡಂಗಿಲ್ಲ ಅಂತನ ಬರದು ಕೊಡ್ರಿ. ಆ ಕಾಗದ ತಗೊಂಡು ನಾನ ಮೇಲಕ್ಕೆ ಹೋಗ್ತೀನಿ."

ಬೀದಿಯಲ್ಲಿದ್ದ ರೈತರು ಒಬ್ಬೊಬ್ಬರೇ ಹತ್ತಿರ ಬಂದು ನಿಂತರು. ಅವರಲ್ಲಿ ಕೆಲವರು ಸಿನಿಮಾ ನೋಡಿದ್ದರು ಎಂಬುದು ಅವರ ಮುಖದಲ್ಲೇ ತಿಳಿಯುತ್ತಿತ್ತು. ಒಬ್ಬ ಮುದುಕರು, "ಬರದು ಕೊಡ್ರಿ ಸ್ವಾಮಿ, ಏನಾದರೊಂದು" ಎಂದರು. ಅದನ್ನೂ ಮೆತ್ತಗೆಯೇ ಹೇಳಿದರು. ನೀಲಮ್ಮನವರು ಜಗಲಿಯ ಮೆಟ್ಟಿಲ ಮೇಲೆ ಕೂತುಬಿಟ್ಟರು, ನಾನೂ ಕೂತೆ. ಬಿಸಿಲು ನಮ್ಮ ಕಾಲಿನಿಂದ ಮಡಿಲಿಗೆ ಬರುವಷ್ಟು ಹೊತ್ತು ಕೂತಿದ್ದೆವು. ಶಾನುಭೋಗರು ಎರಡು ಸಲ ಒಳಗೆ ಹೋಗಿ ಬಂದರು. ಕೊನೆಗೆ ಹೊಸದೊಂದು ಅರ್ಜಿ ಬರೆದು, ಅದಕ್ಕೆ ನೀಲಮ್ಮನವರ ಹೆಬ್ಬೆಟ್ಟು ಒತ್ತಿಸಿಕೊಂಡು, ಅರ್ಜಿ ತಲುಪಿದೆ ಎಂದು ಒಂದು ಚೀಟಿ ಬರೆದು ಕೊಟ್ಟರು. ಗಾಡಿಯಲ್ಲಿ ಹಿಂದಿರುಗುವಾಗ ನೀಲಮ್ಮನವರು ಆ ಚೀಟಿಯನ್ನು ಸೆರಗಿನಲ್ಲಿ ಗಂಟು ಹಾಕಿ, ಬಿಚ್ಚಿ, ಮತ್ತೆ ಗಂಟು ಹಾಕಿದರು. "ಹೆದರಿಕಿ ಆಗಿತ್ತೇನ್ರೀ?" ಎಂದು ಕೇಳಿದೆ. "ಆಗಿತ್ತು" ಎಂದರು. "ಆ ದರ್ಜಿಗೂ ಆಗಿರತೈತಿ. ಸಿನಿಮಾದಾಗ ತೋರಸಂಗಿಲ್ಲ, ಅಷ್ಟ."

ಎರಡು ದಿನಕ್ಕೆ ರುದ್ರಪ್ಪನವರು ನಮ್ಮ ಜಗಲಿಗೆ ಬಂದರು. ಕೆಟ್ಟ ಮನುಷ್ಯರಲ್ಲ. ಕೂತವರು ಟೊಪ್ಪಿಗೆ ತೆಗೆದು ಮೊಣಕಾಲ ಮೇಲಿಟ್ಟುಕೊಂಡರು.

"ತಂಗಿ, ಗೌಡ್ರು ಹೇಳಿ ಕಳಿಸ್ಯಾರ. ನೀ ಕಡೀಗೆ ಒಂದು ಮಾತು ಬದಲು ಮಾಡು. ದರ್ಜಿ ತಪ್ಪಾತು ಅಂತ ಕಾಲಿಗೆ ಬಿದ್ದ ಅಂತ ಹೇಳು. ತಮಿಳು ಯಾರಿಗೆ ತಿಳೀತೈತಿ?"

"ತಮಿಳು ತಿಳಿಯಂಗಿಲ್ರೀ, ಆದರ ಕಣ್ಣಿಗೆ ಕಾಣತೈತಲ್ಲ" ಎಂದೆ. "ಅಂವ ಪರದೆ ಮ್ಯಾಗ ನೆಟ್ಟಗ ನಿಂತಿರ್ತಾನ. ನಾ ಕಾಲಿಗೆ ಬಿದ್ದ ಅಂದ್ರ ಜನ ನಗತಾರ."

"ಹಂಗಾರ ಬಯಲು ಬಿಡಬೇಕಾಗತೈತಿ."

ಅದು ಬರಿಯ ಬೆದರಿಕೆಯಲ್ಲ. ಬಯಲು ಹೋದರೆ ಟೆಂಟು ಹೋಗುತ್ತದೆ, ನಮ್ಮ ಮನೆಯವರ ಕೆಲಸ ಹೋಗುತ್ತದೆ. ನಾನು ಅವರ ಮುಖ ನೋಡಿದೆ. ನಮ್ಮ ಮನೆಯವರದು ಮಾತು ಕಡಿಮೆ. ಯಂತ್ರಕ್ಕೆ ಹಾಕುವ ಎಣ್ಣೆಯ ಕೈಯನ್ನು ಬಟ್ಟೆಗೆ ಒರೆಸುತ್ತ, "ಯಂತ್ರ ನಿಲ್ಲಿಸು ಅಂದ್ರೆ ನಿಲ್ಲಿಸ್ತೀನಿ. ಚಿತ್ರ ತಲೆಕೆಳಗೆ ತೋರಿಸು ಅಂದ್ರೆ ಆಗಲ್ಲ. ಅವಳ ಕೆಲಸವೂ ಹಂಗೇ" ಎಂದರು. ಮದುವೆಯಾಗಿ ಒಂದೂವರೆ ವರ್ಷದಲ್ಲಿ ಅವರು ನನ್ನ ಬಗ್ಗೆ ಇನ್ನೊಬ್ಬರ ಮುಂದೆ ಆಡಿದ ಮೊದಲ ಮಾತು ಅದು.

ರುದ್ರಪ್ಪನವರು ನಡುವಿನ ದಾರಿ ಹುಡುಕಿದರು. ಆ ಸಿನಿಮಾಕ್ಕೆ ಕನ್ನಡ ಹೇಳುವುದೇ ಬೇಡ, ಬರೀ ತಮಿಳಿನಲ್ಲಿ ಓಡಲಿ. ಮೈಕನ್ನು ಮನೆಗೆ ತೆಗೆದುಕೊಂಡು ಹೋದರು.

ಆ ಸಂಜೆಯ ಆಟಕ್ಕೆ ಗೌಡರೇ ಬಂದರು. ಕುರ್ಚಿಯ ಸಾಲಿನಲ್ಲಿ ಮುಂದೆ ಕೂತರು. ಅವರ ಹೆಂಡತಿ ಬಟ್ಟೆಯ ಈಚೆ, ನನ್ನಿಂದ ಎರಡು ಕೈ ದೂರದಲ್ಲಿ ಬಂದು ಕೂತರು. ಒಳ್ಳೆಯ ರೇಶಿಮೆ ಸೀರೆ ಉಟ್ಟಿದ್ದರು, ಅದು ನಮ್ಮ ಸೇಲಂ ಕಡೆಯ ನೇಯ್ಗೆ ಎಂದು ಅಂಚು ನೋಡಿಯೇ ತಿಳಿಯಿತು. ಸಿನಿಮಾ ಶುರುವಾಯಿತು. ನಾನು ಕೈಕಟ್ಟಿ ಕೂತೆ. ರೀಲು ಬದಲಿಸಲು ದೀಪ ಹಾಕಿದಾಗಲೆಲ್ಲ ಜನ ನನ್ನ ಕಡೆ ತಿರುಗಿ ನೋಡುತ್ತಿದ್ದರು. ನಾನು ನೆಲ ನೋಡುತ್ತಿದ್ದೆ.

ಸಭೆಯ ಭಾಗ ಬಂತು. ದರ್ಜಿ ಕೋಟು ಹಿಡಿದು ಎದ್ದು ನಿಂತ. ತಮಿಳಿನಲ್ಲಿ ಹೇಳಿ ತುಟಿ ಮುಚ್ಚಿದ. ನಾನು ಮಾತಾಡಬೇಕಾಗಿದ್ದ ಆ ಖಾಲಿ ಜಾಗದಲ್ಲಿ, ಮರಳಿನ ನೆಲದಿಂದ ಒಬ್ಬರು, ಬೆಂಚಿನಿಂದ ಇಬ್ಬರು, ಆಮೇಲೆ ಇಡೀ ಟೆಂಟು ಹೇಳಿತು: "ನಾ ದಯ ಕೇಳಾಕ ಬಂದಿಲ್ಲ. ಜವಾಬು ಕೇಳಾಕ ಬಂದೀನಿ." ನಾನು ಎಲ್ಲಿ ಉಸಿರು ತೆಗೆದುಕೊಳ್ಳುತ್ತಿದ್ದೆನೋ ಅಲ್ಲೇ ಅವರೂ ತೆಗೆದುಕೊಂಡರು. ನೀಲಮ್ಮನವರು ಎಲ್ಲರಿಗಿಂತ ಒಂದು ಮಾತು ಹಿಂದೆ ಬಿದ್ದು, ಕೊನೆಗೆ ಒಬ್ಬರೇ ಜೋರಾಗಿ "ಬಂದೀನಿ" ಎಂದರು. ನಾನು ಪಕ್ಕಕ್ಕೆ ನೋಡಿದೆ. ಗೌಡರ ಹೆಂಡತಿಯ ದನಿ ಕೇಳಿಸಲಿಲ್ಲ. ತುಟಿ ಮಾತ್ರ ಆಡುತ್ತಿತ್ತು.

ಗೌಡರು ಕೊನೆಯವರೆಗೂ ಕೂತಿದ್ದು ಎದ್ದು ಹೋದರು. ವಾರದಲ್ಲಿ ಬಯಲು ಬಿಡಲು ಹೇಳಿ ಕಳಿಸಿದರು. ಟೆಂಟಿನವರಿಗೆ ಊರು ಬಿಡುವುದು ಹೊಸದಲ್ಲ, ಹೇಗೂ ಕೆಲವು ತಿಂಗಳಲ್ಲಿ ಸೊರಬಕ್ಕೆ ಹೋಗಬೇಕಾಗಿತ್ತು. ಬೇಗ ಹೋದೆವು, ಅಷ್ಟೆ. ಗೂಟ ಕಿತ್ತು, ಬಟ್ಟೆ ಸುತ್ತಿ, ಎಂಜಿನ್ನನ್ನು ಲಾರಿಗೆ ಏರಿಸುವಾಗ ಶಿಕಾರಿಪುರದವರು ಕರೆಯದೆ ಬಂದು ಕೈ ಹಚ್ಚಿದರು. ಉಳ್ಳಾಗಡ್ಡಿಯ ಅಂಗಡಿಯವರೂ ಬಂದಿದ್ದರು.

ಸೊರಬದಲ್ಲಿ ಮತ್ತೆ ಮೊದಲಿಂದ ಶುರು. ದೂರವೇನಲ್ಲ, ಆದರೆ ಮಾತು ಬೇರೆ. ಶಿಕಾರಿಪುರದ "ಐತಿ" ಎಂದರೆ ಇಲ್ಲಿಯವರು, "ನೀವು ಬಯಲುಸೀಮೆಯವರಾ?" ಎಂದು ಕೇಳಿದರು. ಸೇಲಂನವಳನ್ನು ಬಯಲುಸೀಮೆಯವಳು ಮಾಡಿದ ಶಿಕಾರಿಪುರಕ್ಕೆ ನಾನು ಮನಸ್ಸಿನಲ್ಲೇ ಕೈಮುಗಿದೆ. ರೊಟ್ಟಿ ಜೋಳದಿಂದ ಅಕ್ಕಿಗೆ ಬದಲಾಯಿತು. "ಏನು" ಹೋಗಿ "ಎಂತ" ಬಂತು. ಚಂದ್ರಗುತ್ತಿಯ ದೇವಿಗೆ ಹೋಗಿ ಬರುವವರು ಸೊರಬದಲ್ಲಿ ಇಳಿದು ಸಿನಿಮಾ ನೋಡಿ ಹೋಗುತ್ತಿದ್ದರು. ಅವರಿಗಾಗಿ ರುದ್ರಪ್ಪನವರು ದರ್ಜಿ ಸಿನಿಮಾವನ್ನು ಮತ್ತೆ ತರಿಸಿದರು, ಮೈಕನ್ನೂ ಮತ್ತೆ ನನ್ನ ಕೈಗೆ ಕೊಟ್ಟರು. ನಾವು ಅಲ್ಲಿ ಬಾಡಿಗೆಗಿದ್ದ ಮನೆಯೊಡತಿ ಮೊದಲ ದಿನ ಕೇಳಿ ಬಂದು, "ನೀ ಎಂತ ಚಂದ ಹೇಳ್ತೆ ಮಾರಾಯ್ತಿ, ನಮ್ ಕಡೆ ಮಾತು ಸ್ವಲ್ಪ ಕಲ್ತ್ರೆ ಇನ್ನೂ ಚಂದ" ಎಂದಳು.

ಮಳೆ ಹಿಡಿಯುವ ಮುಂಚೆ ಒಂದು ಮಧ್ಯಾಹ್ನ ನೀಲಮ್ಮನವರು ಬಸ್ಸಿನಲ್ಲಿ ಬಂದಿಳಿದರು. ನೀರು ಕೂಡ ಕುಡಿಯದೆ ಸೆರಗಿನ ಗಂಟು ಬಿಚ್ಚಿ, ಆ ಅರ್ಜಿಗೆ ಬಂದ ಕಾಗದ ತೆಗೆದು ಕೊಟ್ಟರು. "ಅಲ್ಲಿ ಓದಾಕ ಬರೋರು ಬೇಕಾದಷ್ಟು ಮಂದಿ ಅದಾರ. ನೀನ ಓದಬೇಕು ಅಂತ ಯಾರಿಗೂ ತೋರಿಸಿಲ್ಲ."

ಸಿನಿಮಾದ ಕಾಗದದಲ್ಲಿ ಕಲಿತ ನನ್ನ ಓದಿಗೆ ಸರ್ಕಾರದ ಕೈಬರಹ ಬಗ್ಗಲಿಲ್ಲ. ಒಂದೊಂದೇ ಅಕ್ಷರ ಕೂಡಿಸಿ, ಬೆರಳಿಟ್ಟು, ಎರಡು ಸಲ ತಪ್ಪಿ ಓದಿದೆ. ಗಂಡನ ಹೆಸರಿಗೆ ಗೆರೆ ಎಳೆದಿತ್ತು. ಅದರ ಮೇಲೆ ನೀಲಮ್ಮ ಎಂದಿತ್ತು. ಅವರು ಆ ಜಾಗವನ್ನು ಮುಟ್ಟಿ ತೋರಿಸು ಎಂದರು. ಬೆರಳು ಹಿಡಿದು ಮುಟ್ಟಿಸಿದೆ. "ಇಷ್ಟ ಸಣ್ಣದೇನು ನನ್ನ ಹೆಸರು?" ಎಂದು ಕೇಳಿ, ಆಮೇಲೆ ನೀರು ಕುಡಿದರು.

ಇದರ ಮುಂದಿನ ವರ್ಷ ಮೊದಲ ಹೆರಿಗೆಗೆ ಸೇಲಂಗೆ ಹೋದೆ. ಸೊರಬದಿಂದ ಬಸ್ಸು, ಶಿವಮೊಗ್ಗದಿಂದ ರೈಲು, ಬೆಂಗಳೂರಿನಲ್ಲಿ ಮತ್ತೊಂದು ರೈಲು. ಬೀದಿಗೆ ಕಾಲಿಟ್ಟಾಗ ಮಗ್ಗಗಳೆಲ್ಲ ಬಡಿಯುತ್ತಿದ್ದವು. ಅಷ್ಟು ದಿನ ಹಂಬಲಿಸಿದ್ದ ಸದ್ದು ಎರಡನೆಯ ದಿನಕ್ಕೆ ತಲೆನೋವು ತಂದಿತು. ಅವ್ವನಿಗೆ "ಹೌದ್ರೀ" ಎಂದೆ. ಅವ್ವ ಅಕ್ಕಪಕ್ಕದವರನ್ನೆಲ್ಲ ಕರೆದು, "ಇವಳ ಮಾತು ಕೇಳಿ, ದೊರೆಸಾನಿಯಾಗಿ ಬಂದಿದ್ದಾಳೆ" ಎಂದು ನಗಿಸಿದಳು. ನನಗೆ ಹೆಣ್ಣುಮಗು ಹುಟ್ಟಿತು.

ಅಪ್ಪ ನನಗಾಗಿ ಒಂದು ಕೆಲಸ ಮಾಡಿಟ್ಟಿದ್ದರು. ಸೇಲಂನ ಒಂದು ಸಿನಿಮಾ ಮಂದಿರದಲ್ಲಿ ನಮ್ಮ ಮನೆಯವರಿಗೆ ಜಾಗ ಕೇಳಿದ್ದರು, ಮಾಲೀಕರು ಒಪ್ಪಿದ್ದರು. ಕಲ್ಲಿನ ಕಟ್ಟಡ, ಎರಡು ಯಂತ್ರ, ಊರೂರು ಅಲೆಯುವುದಿಲ್ಲ. "ಇನ್ನು ಸಾಕು, ಬಂದುಬಿಡಿ" ಎಂದರು. ನಮ್ಮ ಮನೆಯವರಿಗೆ ಬರೆದರೆ, "ನೀನು ಹೇಳಿದಂತೆ" ಎಂದು ಒಂದು ಸಾಲಿನ ಕಾಗದ ಬಂತು. ಬೇಡ ಎನ್ನಲು ಕಾರಣ ಸಿಗುತ್ತಿರಲಿಲ್ಲ. ಅವ್ವ ಇಲ್ಲಿದ್ದಾಳೆ, ನನ್ನ ಜನ ಇಲ್ಲಿದ್ದಾರೆ.

ಮಗುವಿಗೆ ಮೂರು ತಿಂಗಳು ತುಂಬಿದಾಗ ಅಪ್ಪ ಆ ಮಂದಿರವನ್ನು ತೋರಿಸಲು ಕರೆದುಕೊಂಡು ಹೋದರು. ಅಲ್ಲಿ ಓಡುತ್ತಿದ್ದದ್ದು ದರ್ಜಿಯ ಸಿನಿಮಾವೇ, ಎರಡನೆಯ ಸಲ ಬಂದಿತ್ತು. ನಾನು ಮಗುವನ್ನು ಎತ್ತಿಕೊಂಡು ಹೆಂಗಸರ ಸಾಲಿನಲ್ಲಿ ಕೂತೆ. ಎಷ್ಟು ಸ್ಪಷ್ಟವಾದ ಚಿತ್ರ, ಎಷ್ಟು ದೊಡ್ಡ ದನಿ. ಎಲ್ಲರಿಗೂ ಎಲ್ಲ ತಿಳಿಯುತ್ತಿತ್ತು. ಯಾರೂ "ಏನಂದ?" ಎನ್ನಲಿಲ್ಲ. ಅಷ್ಟು ಜನರ ನಡುವೆ ನನಗೆ ಮಾಡಲು ಏನೂ ಕೆಲಸವಿಲ್ಲದೆ ಕೈಕಾಲು ಎಲ್ಲಿಡಬೇಕೆಂದು ತಿಳಿಯಲಿಲ್ಲ.

ದರ್ಜಿ ಎದ್ದು ನಿಂತಾಗ ನನಗೆ ಗೊತ್ತಿಲ್ಲದೆ ಬಾಯಿಂದ ಕನ್ನಡ ಬಂದಿತ್ತು. ಪಕ್ಕದಲ್ಲಿ ಕೂತಿದ್ದ ಹೆಂಗಸು ತಿರುಗಿ, "ಯಾರುಕ್ಕು ಸೊಲ್ರೀಂಗ?" ಎಂದಳು. ಯಾರಿಗೆ ಹೇಳುತ್ತಿದ್ದೀರಿ ಎಂದು.

"ನಮ್ಮ ಊರಿನವರಿಗೆ" ಎಂದೆ, ತಮಿಳಿನಲ್ಲೇ.

"ಯಾವ ಊರು?"

"ಶಿಕಾರಿಪುರ. ಸೊರಬ."

ಆಕೆಗೆ ಆ ಹೆಸರುಗಳು ಗೊತ್ತಿರಲಿಲ್ಲ. "ಅಲ್ಲೇ ಹುಟ್ಟಿದ್ದಾ?"

"ಇಲ್ಲ. ಹುಟ್ಟಿದ್ದು ಇಲ್ಲೇ, ಎರಡು ಬೀದಿ ಆಚೆ."

ಆಕೆ ನನ್ನನ್ನೂ ಮಗುವನ್ನೂ ಒಂದು ಸಲ ನೋಡಿ, ಸೆರಗು ಎಳೆದುಕೊಂಡು ಸ್ವಲ್ಪ ಸರಿದು ಕೂತಳು. ಹೊರಗೆ ಬಂದಾಗ ಅಪ್ಪ ಯಂತ್ರದ ಕೋಣೆ ಎಷ್ಟು ದೊಡ್ಡದಿದೆ ನೋಡಿದೆಯಾ ಎಂದು ಕೇಳಿದರು. ನಾವು ಹಿಂದಕ್ಕೆ ಹೋಗುತ್ತೇವೆ ಎಂದೆ. ನಮ್ಮ ಬೀದಿಯ ತಿರುವಿನಲ್ಲಿ ಅವರು ನಿಂತು, ಮಗುವನ್ನು ನನ್ನ ಕೈಯಿಂದ ತೆಗೆದುಕೊಂಡು ಹೆಗಲಿಗೆ ಹಾಕಿಕೊಂಡರು. "ಇವಳಿಗೆ ತಮಿಳೂ ಕಲಿಸು" ಎಂದರು. "ನಾವು ಇಲ್ಲಿದ್ದೇವಲ್ಲ."